ಸ್ಪೀಕರ್ ಕೆಟ್ಟ ರಾತ್ರಿಯ ಕುಂಗ್‌ಫು

‘ಕುಂಗ್‌ಫು ಹಸಲ್’ ಸಿನಿಮಾವನ್ನು ನಾನು ಮೊದಲ ಸಲ ನೋಡಿದ್ದು ಸದ್ದೇ ಇಲ್ಲದೆ.

ಹಾಸ್ಟೆಲ್ ರೂಮಿನಲ್ಲಿ ನಾವು ನಾಲ್ಕು ಜನ. ನಾಲ್ವರೂ ದುಡ್ಡು ಹಾಕಿ ಜೋಡಿಸಿಕೊಂಡಿದ್ದ ಒಂದು ಕಂಪ್ಯೂಟರ್. ಯಾರೋ ಸೀನಿಯರ್ ಕೊಟ್ಟ ಸಿಡಿ, ಅದರ ಮೇಲೆ ಮಾರ್ಕರ್ ಪೆನ್ನಿನಲ್ಲಿ ‘ಫೈಟ್ ಕಾಮಿಡಿ’ ಅಂತಷ್ಟೇ ಬರೆದಿತ್ತು. ಮಂಚದ ಮೇಲೆ, ಕೆಳಗೆ, ಬಾಗಿಲಲ್ಲಿ ಎಲ್ಲಾ ಸೇರಿ ಹದಿನೈದು ಜನ ಇದ್ದೆವು. ಸಿನಿಮಾ ಶುರುವಾಗಿ ಐದು ನಿಮಿಷ ಆಗಿರಲಿಲ್ಲ, ಸ್ಪೀಕರ್ ಒಮ್ಮೆ ಕರಕರ ಅಂದು ಕಣ್ಣು ಮುಚ್ಚಿತು. ವೈರ್ ಅಲ್ಲಾಡಿಸಿದ್ದಾಯಿತು, ಎರಡು ಏಟು ಬಾರಿಸಿದ್ದೂ ಆಯಿತು. ಉಸಿರಿಲ್ಲ. ಸಬ್‌ಟೈಟಲ್ ಏನೋ ಇತ್ತು, ಆದರೆ ಚೀನೀ ಅಕ್ಷರದಲ್ಲಿ.

ಆಗ ಎದ್ದು ಪರದೆಯ ಪಕ್ಕ ಕುಕ್ಕರುಗಾಲಲ್ಲಿ ಕೂತವನು ನಮ್ಮ ರೂಮಿನ ಹುಬ್ಬಳ್ಳಿ ಹುಡುಗ. ಅಷ್ಟರಲ್ಲಿ ಪರದೆ ಮೇಲೆ ಒಬ್ಬ ಹೆಂಗಸು ಬಂದಳು. ತಲೆ ತುಂಬಾ ಕರ್ಲರ್, ಮೈಮೇಲೆ ನೈಟಿ, ತುಟಿಯ ತುದಿಯಲ್ಲಿ ಬೀಳಲೋ ಬೇಡವೋ ಅಂತ ಜೋತಾಡುವ ಸಿಗರೇಟು. ಎದುರಿಗೆ ತಲೆ ತುಂಬಾ ನೊರೆ ಮೆತ್ತಿಕೊಂಡ ಒಬ್ಬ ಬಾಡಿಗೆದಾರ. ನಲ್ಲಿ ನಿಂತುಹೋಗಿದೆ, ಅವನೇನೋ ಕೇಳುತ್ತಿದ್ದಾನೆ. ನಮ್ಮವನು ಗಂಟಲು ಸರಿ ಮಾಡಿಕೊಂಡ. “ಮೂರ ತಿಂಗಳ ಬಾಡಿಗಿ ಕೊಟ್ಟಿಲ್ಲ, ತಲಿಗೆ ಶಾಂಪೂ ಬ್ಯಾರೆ ಹಚ್ಕೊಂಡ ನಿಂತಾನ! ನೀರ ಬೇಕಂತ ನೀರ! ಉಣಕಲ್ ಕೆರಿಗೆ ಹೋಗಲೇ!”

ಅಲ್ಲಿಂದ ಮುಂದೆ ಒಂದೂವರೆ ಗಂಟೆ ಅವನೇ ಎಲ್ಲ. ಓನರಮ್ಮ ಅವನೇ, ಅವಳ ಗಂಡ ಅವನೇ, ಕೊಡಲಿ ಹಿಡಿದ ರೌಡಿಗಳ ಗುಂಪೂ ಅವನೇ. ಆ ಹೆಂಗಸಿನ ಅಸಲಿ ಅಸ್ತ್ರ ಅವಳ ಗಂಟಲು ಅನ್ನೋದು ಸಿನಿಮಾದಲ್ಲಿ ಸ್ವಲ್ಪ ತಡವಾಗಿ ಗೊತ್ತಾಗುತ್ತದೆ. ಸಿಂಹಗರ್ಜನೆ ಅಂತ ಅದರ ಹೆಸರು. ಬಾಯಿ ತೆರೆದು ಕೂಗಿದರೆ ಎದುರಿದ್ದವರ ಬಟ್ಟೆ ಹಾರಿಹೋಗುತ್ತದೆ, ಗೋಡೆ ಬೀಳುತ್ತದೆ. ಕೊನೆಗೆ ಅದೂ ಸಾಲದೆ ದೊಡ್ಡದೊಂದು ಗಂಟೆಯನ್ನೇ ಧ್ವನಿವರ್ಧಕ ಮಾಡಿಕೊಂಡು ಕೂಗುತ್ತಾಳೆ. ನಮ್ಮವನು ಅದಕ್ಕೂ ದನಿ ಕೊಟ್ಟ. ರಾತ್ರಿ ಒಂದೂವರೆಗೆ. ಗೋಡೆ ಬೀಳಲಿಲ್ಲ, ವಾರ್ಡನ್ ಬಂದರು.

ಆಮೇಲೆ ಎಷ್ಟೋ ತಿಂಗಳಿಗೆ ಅದೇ ಸಿನಿಮಾವನ್ನು ಸದ್ದಿನ ಸಮೇತ ನೋಡಿದೆ. ನಿಜ ಹೇಳ್ತೀನಿ, ಓನರಮ್ಮನ ಸ್ವಂತ ದನಿ ಕೇಳಿ ನನಗೆ ನಿರಾಸೆಯಾಯಿತು.

ಈ ಜಾತಿಯ ತಲೆಹರಟೆ ಫೈಟಿಂಗ್ ಸಿನಿಮಾಗಳನ್ನು ನಾನು ಇಷ್ಟು ವರ್ಷದಿಂದ ಯಾಕೆ ಬಿಡದೆ ನೋಡುತ್ತಿದ್ದೇನೆ ಅಂತ ಯೋಚನೆ ಮಾಡಿದಾಗಲೆಲ್ಲ ಆ ರಾತ್ರಿಗೇ ಬಂದು ನಿಲ್ಲುತ್ತೇನೆ. ಮಾತು ಪೂರ್ತಿ ಹೋಗಿತ್ತು. ಕಥೆ ಅರ್ಧ ತಪ್ಪಾಗಿ ತಿಳಿದಿತ್ತು, ಹೀರೋ ಯಾರು ಅಂತಲೇ ಮುಕ್ಕಾಲು ಗಂಟೆ ಗೊತ್ತಾಗಿರಲಿಲ್ಲ. ಆದರೂ ಹದಿನೈದು ಜನ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆವು.

ಓನರಮ್ಮ ನನಗೆ ಅಷ್ಟು ಬೇಗ ಹಿಡಿಸಿದ್ದಕ್ಕೆ ಇನ್ನೊಂದು ಕಾರಣವೂ ಇದೆ. ನಾನು ಬೆಳೆದದ್ದು ಬೆಂಗಳೂರಿನ ಒಂದು ವಠಾರದಲ್ಲಿ. ಎಂಟು ಮನೆ, ಒಂದು ಸಂಪು, ಸಂಪಿನ ವಾಲ್ವ್ ಓನರ್ ಮನೆಯ ಮೆಟ್ಟಿಲ ಕೆಳಗೆ. ಬೆಳಿಗ್ಗೆ ಆರರಿಂದ ಏಳೂಕಾಲು ನೀರು. ಏಳೂಕಾಲು ಅಂದರೆ ಏಳೂಕಾಲು, ಅದರಲ್ಲಿ ಮಾತಿಲ್ಲ. ಒಂದು ಭಾನುವಾರ ನಮ್ಮಣ್ಣ ತಲೆಗೆ ಸೀಗೆಪುಡಿ ಮೆತ್ತಿಕೊಂಡು ಬಚ್ಚಲಲ್ಲಿ ಕೂತಿದ್ದಾಗ ನೀರು ನಿಂತಿತು. ಅವನು ಕಣ್ಣು ಮುಚ್ಚಿಕೊಂಡೇ ಟವಲ್ ಸುತ್ತಿಕೊಂಡು ಅಂಗಳಕ್ಕೆ ಬಂದು “ಆಂಟೀ, ಎರಡೇ ಚೊಂಬು” ಅಂತ ಬೇಡಿಕೊಂಡ. ಓನರಮ್ಮ ಮೇಲಿನಿಂದ ಹೇಳಿದ್ದು ಒಂದೇ ಮಾತು. “ಒರೆಸ್ಕೊಳಪ್ಪಾ, ಸೀಗೆಪುಡಿ ಒಳ್ಳೇದು, ಮೈಗೆ ತಂಪು.” ಕೊನೆಗೆ ಪಕ್ಕದ ಮನೆಯವರ ಹಂಡೆಯಿಂದ ನಾನು ಒಂದು ಬಿಂದಿಗೆ ತಂದುಕೊಟ್ಟೆ.

ಇದೇ ಅಣ್ಣ ಅದಕ್ಕೂ ಮೊದಲು ಕರಾಟೆ ಕ್ಲಾಸಿಗೆ ಸೇರಿದ್ದ. ಶಂಕರ್‌ನಾಗ್‌ರನ್ನು ‘ಕರಾಟೆ ಕಿಂಗ್’ ಅಂತ ಕರೆಯುತ್ತಿದ್ದ ಊರು ನಮ್ಮದು, ಹುಡುಗರಿಗೆ ಹುಚ್ಚು ಹಿಡಿಯೋದು ಸಹಜ. ಮೂರು ತಿಂಗಳಿಗೆ ಬಿಟ್ಟ. ಬೆಲ್ಟು ಬಿಳಿಯಾಗಿಯೇ ಉಳಿಯಿತು. ಯೂನಿಫಾರ್ಮನ್ನು ಅಮ್ಮ ಕತ್ತರಿಸಿ ಒಲೆ ಒರೆಸುವ ಬಟ್ಟೆ ಮಾಡಿಕೊಂಡಳು. ಕರಾಟೆಯ ಅಣಕು ಅಂದರೆ ನಾನು ನೋಡಿದ ಮೊದಲನೆಯದು ಅದೇ ಇರಬೇಕು.

ಸಿನಿಮಾದಲ್ಲಿನ ಆ ವಠಾರಕ್ಕೆ ಹಂದಿಗೂಡು ಅನ್ನೋ ಅರ್ಥದ ಹೆಸರು. ಕಥೆ ನಡೆಯೋದು 1940ರ ದಶಕದ ಶಾಂಘೈಯಲ್ಲಿ. ಅದು ಈ ಸಿನಿಮಾದ ನಿರ್ದೇಶಕನೂ ಹೀರೋನೂ ಆದ ಹಾಂಗ್‌ಕಾಂಗ್‌ನ ಸ್ಟೀಫನ್ ಚೌ ತಲೆಯಿಂದ ಸುಮ್ನೆ ಉದುರಿದ ಜಾಗ ಅಲ್ಲ ಅಂತ ನನಗೆ ಬಹಳ ತಡವಾಗಿ ತಿಳಿಯಿತು. 1973ರಲ್ಲಿ ಹಾಂಗ್‌ಕಾಂಗ್‌ನಲ್ಲಿ ‘ದಿ ಹೌಸ್ ಆಫ್ 72 ಟೆನೆಂಟ್ಸ್’ ಅಂತ ಒಂದು ಸಿನಿಮಾ ಬಂತು. ಎಪ್ಪತ್ತೆರಡು ಬಾಡಿಗೆದಾರರ ವಠಾರ, ಜೀವ ಹಿಂಡುವ ಓನರು, ಅವನಿಗಿಂತ ಜೋರಾದ ಅವನ ಹೆಂಡತಿ. ಅಷ್ಟು ಹೊತ್ತಿಗೆ ಅಲ್ಲಿ ಕ್ಯಾಂಟೊನೀಸ್ ಮಾತಿನ ಸಿನಿಮಾ ಹೆಚ್ಚುಕಡಿಮೆ ನಿಂತೇ ಹೋಗಿತ್ತು. ದೊಡ್ಡ ಕಂಪನಿಗಳೆಲ್ಲ ಮ್ಯಾಂಡರಿನ್‌ನಲ್ಲಿ ತೆಗೆಯುತ್ತಿದ್ದವು. ಊರಿನ ಜನ ಮನೆಯಲ್ಲಿ ಆಡುವ ಮಾತು ಒಂದು, ಥಿಯೇಟರಿನಲ್ಲಿ ಕೇಳುವ ಮಾತು ಇನ್ನೊಂದು. ಈ ವಠಾರದ ಸಿನಿಮಾ ಕ್ಯಾಂಟೊನೀಸ್‌ನಲ್ಲಿ ಬಂದದ್ದೇ ತಡ, ಜನ ಮುಗಿಬಿದ್ದರು. ಅದೇ ವರ್ಷ ಬಂದ ಬ್ರೂಸ್ ಲೀಯ ‘ಎಂಟರ್ ದಿ ಡ್ರ್ಯಾಗನ್’ ಕೂಡ ಹಾಂಗ್‌ಕಾಂಗ್‌ನ ಗಲ್ಲಾಪೆಟ್ಟಿಗೆಯಲ್ಲಿ ಇದರ ಹಿಂದೆ ಬಿತ್ತು. ಜಗತ್ತನ್ನೇ ಗೆದ್ದ ಡ್ರ್ಯಾಗನ್ನು ಸ್ವಂತ ಊರಲ್ಲಿ ಒಬ್ಬ ಜಗಳಗಂಟಿ ಓನರಮ್ಮನಿಗೆ ಸೋತಿತು! 2004ರಲ್ಲಿ ಸ್ಟೀಫನ್ ಚೌ ಆ ಎರಡನ್ನೂ ಒಂದೇ ಅಂಗಳದಲ್ಲಿ ಕಲಸಿದ. ವಠಾರ ಮೊದಲನೆಯದರಿಂದ, ಒದೆ ಎರಡನೆಯದರಿಂದ.

ಅವನ ಹಾಸ್ಯಕ್ಕೆ ಕ್ಯಾಂಟೊನೀಸ್‌ನಲ್ಲಿ ‘ಮೋ ಲೇ ತಾವ್’ ಅಂತಾರೆ. ಎಲ್ಲಿಂದ ಬಂತು ಎತ್ತ ಹೋಯಿತು ಅನ್ನೋದೇ ತಿಳಿಯದ್ದು, ಅಂತ ಅರ್ಥ. ಕೊನೆಯ ‘ತಾವ್’ ಅಂದರೆ ತಲೆ. ಕನ್ನಡದಲ್ಲಿ ನಾವು ತಲೆಬುಡ ಇಲ್ಲದ್ದು ಅಂತೀವಲ್ಲ, ಹೆಚ್ಚುಕಡಿಮೆ ಅದೇ. ಅಲ್ಲೂ ತಲೆ ಇಲ್ಲ, ಇಲ್ಲೂ ಇಲ್ಲ. 1990ರ ದಶಕದಲ್ಲಿ ಅಲ್ಲಿನ ಹುಡುಗರ ದಿನದ ಮಾತನ್ನೇ ಈ ಹಾಸ್ಯ ತಿರುಚಿಹಾಕಿತು ಅಂತ ಹೇಳುತ್ತಾರೆ. ಅದರಲ್ಲಿ ಪನ್ನು, ಗಾದೆ ತಿರುಗಿಸೋದು, ಸಂಬಂಧವೇ ಇಲ್ಲದ ಉತ್ತರ ಇವೇ ಜಾಸ್ತಿ. ಅದೆಲ್ಲ ನಮಗೆ ದಕ್ಕುವುದಿಲ್ಲ. ಹಾಗಾದರೆ ನಾವು ನಗೋದು ಯಾವುದಕ್ಕೆ?

ಚಾಕುವಿನ ದೃಶ್ಯ ನೋಡಿ. ಹೀರೋ ಮತ್ತು ಅವನ ದಪ್ಪ ಗೆಳೆಯ ಓನರಮ್ಮನನ್ನು ಮುಗಿಸಲು ಕಳ್ಳರ ಹಾಗೆ ಬರುತ್ತಾರೆ. ಇವನು ಗುರಿಯಿಟ್ಟು ಚಾಕು ಎಸೆಯುತ್ತಾನೆ. ಅದು ಬಡಿದು ಪುಟಿದು ಇವನ ಭುಜಕ್ಕೇ ಬಂದು ನಾಟುತ್ತದೆ. ಕೂಗುವ ಹಾಗಿಲ್ಲ, ಅವಿತುಕೊಂಡಿದ್ದಾರೆ. ಗೆಳೆಯ ಕ್ಷಮೆ ಕೇಳುತ್ತಾ ಸಹಾಯಕ್ಕೆ ನಿಲ್ಲುತ್ತಾನೆ, ಅವನ ಸಹಾಯದಿಂದ ಇನ್ನೊಂದು ಚಾಕು ಇವನ ಮೈಗೇ ಹೋಗುತ್ತದೆ. ಆಮೇಲೆ ಹಾವಿನ ಬುಟ್ಟಿ. ಹಾವು ಕಚ್ಚೋದು ತುಟಿಗೆ. ತುಟಿ ಊದಿ ಸೋರೆಕಾಯಿ ಆಗುತ್ತದೆ. ಓನರಮ್ಮನಿಗೆ ಎಚ್ಚರವಾಗಿ ಅಟ್ಟಿಸಿಕೊಂಡು ಬಂದಾಗ ಇಬ್ಬರ ಕಾಲೂ ಕಾರ್ಟೂನಿನ ಹಾಗೆ ಚಕ್ರವಾಗುತ್ತವೆ.

ಇದನ್ನು ನಾನು ಬರೆದರೆ ನಗು ಬರುವುದಿಲ್ಲ, ಅಲ್ವಾ? ನನಗೂ ಗೊತ್ತು. ಅದು ಬರೋದು ಚಾಕು ನಾಟಿದ ಮೇಲೆ ಸ್ಟೀಫನ್ ಚೌ ಮುಖ ಅಲ್ಲಾಡಿಸದೆ ಒಂದು ಕ್ಷಣ ತಡೆಯುತ್ತಾನಲ್ಲ, ಅಲ್ಲಿ. ಆ ತಡೆ ಎಷ್ಟು ಉದ್ದ ಇರಬೇಕು ಅನ್ನೋದು ಅವನಿಗೆ ಗೊತ್ತು. ಒಂದೇಟಿನ ಫೈಟಿಗೂ ಅದೇ ಲೆಕ್ಕ.

ಇನ್ನು ಓನರಮ್ಮನ ಪಾತ್ರ ಮಾಡಿದ ಯುವೆನ್ ಚಿಯು. ಆಕೆ ಹಾಂಗ್‌ಕಾಂಗ್‌ನ ಒಂದು ಪೆಕಿಂಗ್ ಆಪೆರಾ ಶಾಲೆಯಲ್ಲಿ, ಅಂದರೆ ಹಾಡು, ಕುಣಿತ, ಲಾಗ ಎಲ್ಲ ಸೇರಿದ ಚೀನೀ ನಾಟಕದ ಶಾಲೆಯಲ್ಲಿ, ಚಿಕ್ಕಂದಿನಿಂದ ಪಳಗಿದವರು. ಯು ಜಿಮ್ ಯುವೆನ್ ಅನ್ನೋ ಗುರುವಿನ ಶಾಲೆ. ಜಾಕಿ ಚಾನ್, ಸ್ಯಾಮೋ ಹಂಗ್ ಎಲ್ಲ ಅಲ್ಲಿಂದಲೇ ಬಂದವರು. ಗುರುವಿನ ಹೆಸರಿನ ‘ಯುವೆನ್’ ಅನ್ನೋದನ್ನೇ ಶಿಷ್ಯರು ತಮ್ಮ ಹೆಸರಿನ ಮುಂದೆ ಇಟ್ಟುಕೊಂಡರು. 1974ರ ಜೇಮ್ಸ್ ಬಾಂಡ್ ಸಿನಿಮಾದಲ್ಲಿ ಶಾಲೆ ಯೂನಿಫಾರ್ಮ್ ಹಾಕಿಕೊಂಡು ಗಂಡಸರನ್ನು ಬಡಿಯುವ ಇಬ್ಬರು ಹುಡುಗಿಯರಲ್ಲಿ ಈಕೆಯೂ ಒಬ್ಬರು. ಆಮೇಲೆ ಮದುವೆ, ಮನೆ, ಮಕ್ಕಳು. ವರ್ಷಗಟ್ಟಲೆ ಸಿನಿಮಾದಿಂದ ದೂರ. ಬೇರೆ ಯಾರದೋ ಆಡಿಷನ್‌ಗೆ ಜೊತೆಗೆ ಬಂದು ಮೂಲೆಯಲ್ಲಿ ಸಿಗರೇಟು ಸೇದುತ್ತಾ ನಿಂತಿದ್ದಾಗ ಸ್ಟೀಫನ್ ಚೌ ಕಣ್ಣಿಗೆ ಬಿದ್ದರಂತೆ. ಪಾತ್ರಕ್ಕಾಗಿ ತೂಕ ಏರಿಸಿಕೊಂಡರು. ಆ ತೂಕದಲ್ಲೂ ಕಾಲು ಎತ್ತಿದರೆ ಕಾಲು ಎಲ್ಲಿಗೆ ಹೋಗಬೇಕೋ ಅಲ್ಲಿಗೇ ಹೋಗುತ್ತದೆ.

ಅವರ ಗಂಡನಾಗಿ ಕುಡುಕ, ಹೆಂಗಸರ ಹಿಂದೆ ಬೀಳುವ ಓನರನ ಪಾತ್ರ ಮಾಡಿದ ಯುವೆನ್ ವಾ ಅದೇ ಶಾಲೆಯವರು. ‘ಎಂಟರ್ ದಿ ಡ್ರ್ಯಾಗನ್’ನಲ್ಲಿ ಬ್ರೂಸ್ ಲೀ ಗಾಳಿಯಲ್ಲಿ ಪಲ್ಟಿ ಹೊಡೆಯೋದನ್ನು ನೋಡಿ ನಾವೆಲ್ಲ ಬಾಯಿ ತೆರೆದೆವಲ್ಲ, ಆ ಪಲ್ಟಿ ಹೊಡೆದದ್ದು ಈ ಯುವೆನ್ ವಾ. ಮೂವತ್ತು ವರ್ಷದ ಮೇಲೆ ಅದೇ ಮನುಷ್ಯ ಹೆಂಡತಿ ಕೈಯಲ್ಲಿ ಏಟು ತಿಂದು ಕಿಟಕಿಯಿಂದ ಕೆಳಗೆ ಬೀಳುತ್ತಾನೆ, ತಲೆ ಮೇಲೆ ಹೂಕುಂಡ ಬೀಳುತ್ತದೆ. ಜಾಣತನದಿಂದ ಬೀಳೋದು ಹೇಗೆ ಅಂತ ನೋಡಬೇಕಾದರೆ ಆ ಒಂದು ತುಣುಕು ಸಾಕು.

ವಠಾರದ ದರ್ಜಿಯ ಪಾತ್ರ ನನಗೆ ಇನ್ನೂ ಇಷ್ಟ. ನಾಜೂಕು ನಡಿಗೆ, ಕೆಂಪು ಚಡ್ಡಿ, ಮಾತೆತ್ತಿದರೆ ರಾಗ. ರೌಡಿಗಳು ಬಂದಾಗ ಅಂಗಡಿಯ ಪರದೆಯ ಕಬ್ಬಿಣದ ಬಳೆಗಳನ್ನು ಎಳೆದು ಮುಂಗೈಗೆ ಹಾಕಿಕೊಂಡು ನಿಲ್ಲುತ್ತಾನೆ. ಆ ಬಳೆ ಹಂಗ್ ಗಾರ್ ಅನ್ನೋ ದಕ್ಷಿಣ ಚೀನಾದ ಕುಂಗ್‌ಫು ಪದ್ಧತಿಯ ನಿಜವಾದ ಸಾಧನೆಯ ಸಾಮಾನು. ಆ ಪಾತ್ರ ಮಾಡಿದ ಚಿಯು ಚಿ ಲಿಂಗ್ ಆ ಪದ್ಧತಿಯ ನಿಜವಾದ ಗುರು. ಕೂಲಿಯವನ ಪಾತ್ರ ಮಾಡಿದಾತ ಶಾವೊಲಿನ್ ಮಠದಲ್ಲಿ ಕಲಿತು ಬಂದವನು. ಅಂದರೆ ನಗಿಸೋಕೆ ನಿಲ್ಲಿಸಿದವರೆಲ್ಲ ನಿಜಕ್ಕೂ ಬಲ್ಲವರೇ. ಯಕ್ಷಗಾನ ನೋಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಹಾಸ್ಯಗಾರ ತಾಳ ತಪ್ಪಿದವನ ಹಾಗೆ ಕುಣಿಯಬೇಕಾದರೆ ಅವನಿಗೆ ತಾಳ ಪಕ್ಕಾ ಗೊತ್ತಿರಬೇಕು.

ಹೀಗಿದ್ದೂ ಒಂದು ತೊಡಕಿದೆ. ಏನನ್ನು ಅಣಕಿಸುತ್ತೀರಿ? ಈ ಜಾತಿಯ ಸಿನಿಮಾ ಮೊದಲಿನಿಂದಲೂ ಅರ್ಧ ಹುಚ್ಚೇ. 1976ರ ‘ಮಾಸ್ಟರ್ ಆಫ್ ದಿ ಫ್ಲೈಯಿಂಗ್ ಗಿಲೊಟಿನ್’ ಅಣಕು ಸಿನಿಮಾ ಅಲ್ಲ, ಗಂಭೀರವಾಗಿಯೇ ತೆಗೆದದ್ದು. ಅದರಲ್ಲಿ ಒಬ್ಬ ಕುರುಡ ಸರಪಳಿ ಕಟ್ಟಿದ ಟೋಪಿಯಂಥದ್ದನ್ನು ಎಸೆದು ಶತ್ರುವಿನ ತಲೆಯನ್ನೇ ಕಿತ್ತುಕೊಳ್ಳುತ್ತಾನೆ. ಎದುರಾಳಿಗೆ ಒಂದೇ ಕೈ. ಇವರ ಮಧ್ಯೆ ಭಾರತದಿಂದ ಬಂದ ಒಬ್ಬ ಯೋಗಿ ಬೇರೆ! ಮುಖಕ್ಕೆ ಕಂದು ಬಣ್ಣ ಬಳಿದುಕೊಂಡ ನಟ. ಫೈಟಿನಲ್ಲಿ ಅವನ ಕೈ ರಬ್ಬರಿನ ಹಾಗೆ ಉದ್ದ ಆಗುತ್ತದೆ. ಯೋಗ ಮಾಡಿದರೆ ಹಾಗಾಗುತ್ತದೆ ಅಂತ ಅವರು ತಿಳಿದಿದ್ದರೋ ಏನೋ. ನಮ್ಮ ಬಡಾವಣೆಯ ಯೋಗ ಕ್ಲಾಸಿನಲ್ಲಿ ಎರಡು ವರ್ಷ ಬೆವರಿಳಿಸಿದರೂ ನನ್ನ ಕೈ ಕಾಲ್ಬೆರಳನ್ನೇ ಮುಟ್ಟಿಲ್ಲ.

ಇನ್ನೂ ಹಿಂದೆ ಹೋದರೆ 1960ರ ದಶಕದ ‘ಬುದ್ಧಾಸ್ ಪಾಮ್’ ಸಿನಿಮಾಗಳಿವೆ. ಅಂಗೈಯಿಂದ ಹೊರಡುವ ಕಿರಣವನ್ನು ಫಿಲ್ಮಿನ ಮೇಲೆ ಕೈಯಲ್ಲೇ ಬಿಡಿಸಿದ್ದರು. ಇಬ್ಬರು ನಿಂತು ಕೈ ಚಾಚಿದರೆ ಎರಡು ಕಿರಣ ಮಧ್ಯದಲ್ಲಿ ಢಿಕ್ಕಿ. ಭಾನುವಾರ ಬೆಳಿಗ್ಗೆ ದೂರದರ್ಶನದ ರಾಮಾಯಣದಲ್ಲಿ ಬಾಣಕ್ಕೆ ಬಾಣ ತಗುಲುವುದನ್ನು ಕೈ ಮುಗಿದು ನೋಡಿದ ನಮಗೆ ಅದು ಹೊಸದೇನಲ್ಲ. ‘ಕುಂಗ್‌ಫು ಹಸಲ್’ನಲ್ಲಿ ಪುಟ್ಟ ಹುಡುಗನಿಗೆ ಒಬ್ಬ ಭಿಕ್ಷುಕ ಮಾರುವ ಪುಸ್ತಕ ಇದೇ ವಿದ್ಯೆಯದು. ಹುಡುಗ ಕೂಡಿಟ್ಟ ದುಡ್ಡೆಲ್ಲ ಕೊಟ್ಟು ಕೊಳ್ಳುತ್ತಾನೆ, ಅದನ್ನು ನಂಬಿ ಪುಂಡರ ಎದುರು ನಿಲ್ಲುತ್ತಾನೆ, ಚೆನ್ನಾಗಿ ಒದೆ ತಿನ್ನುತ್ತಾನೆ. ಅಲ್ಲಿಗೆ ಮುಗಿಸಿದ್ದರೆ ಬರೀ ಗೇಲಿ ಆಗುತ್ತಿತ್ತು. ಆದರೆ ಕೊನೆಗೆ ಅದೇ ಹುಡುಗ ದೊಡ್ಡವನಾಗಿ ಆಕಾಶದಿಂದ ಇಳಿಯುತ್ತಾ ಅಂಗೈ ಬೀಸಿದಾಗ ನೆಲದ ಮೇಲೆ ಕೈಯಾಕಾರದ ಗುಂಡಿ ಬೀಳುತ್ತದೆ. ನಕ್ಕೂ ಆಯಿತು, ಮೈ ಜುಮ್ಮೆಂದದ್ದೂ ಆಯಿತು. ಯಾವುದು ಮೊದಲು ಅಂತ ಕೇಳಬೇಡಿ.

ಹೀಗೆ ಹೇಳುವವನಿಗೆ ‘ಕುಂಗ್ ಪೌ: ಎಂಟರ್ ದಿ ಫಿಸ್ಟ್’ ಇಷ್ಟವಾಗಬಾರದು. ಆದರೂ ಆಗುತ್ತದೆ. 2002ರಲ್ಲಿ ಬಂದ ಈ ಅಮೆರಿಕನ್ ಸಿನಿಮಾಕ್ಕೆ ವಿಮರ್ಶಕರು ಹಿಗ್ಗಾಮುಗ್ಗಾ ಬೈದರು. ಸ್ಟೀವ್ ಓಡೆಕರ್ಕ್ ಅನ್ನೋ ಪುಣ್ಯಾತ್ಮ 1976ರ ಒಂದು ಹಾಂಗ್‌ಕಾಂಗ್ ಸಿನಿಮಾದ ಹಕ್ಕು ಕೊಂಡ. ಅದರ ಹೀರೋ ಜಿಮ್ಮಿ ವಾಂಗ್ ಯು ಇದ್ದ ಜಾಗದಲ್ಲಿ ಕಂಪ್ಯೂಟರಿನಲ್ಲಿ ತನ್ನನ್ನೇ ಕೂರಿಸಿಕೊಂಡ. ಉಳಿದ ಎಲ್ಲರ ಮಾತು ಅಳಿಸಿ, ಹೆಂಗಸು ಗಂಡಸು ಗುರು ಖಳ ಅನ್ನದೆ ಹೆಚ್ಚುಕಡಿಮೆ ಎಲ್ಲರಿಗೂ ತಾನೇ ದನಿ ಕೊಟ್ಟ. ನಡುವೆ ಒಂದು ಹಸುವಿನ ಜೊತೆ ಕುಂಗ್‌ಫು ಕಾಳಗ. ಶಾಲೆಯಲ್ಲಿ ಒಬ್ಬ ಬಡಪಾಯಿ ಶಿಷ್ಯ ಇದ್ದಾನೆ, ಅವನಿಗೆ ತಮಾಷೆಗೆ ಅಂತ ಬೇಕೆಂದೇ ತಪ್ಪು ವಿದ್ಯೆ ಹೇಳಿಕೊಟ್ಟಿದ್ದಾರೆ. ಅವನು ಪಾಪ, ಏಟು ತಿಂದಷ್ಟೂ ಗೆಲ್ಲುತ್ತಿದ್ದೇನೆ ಅಂದುಕೊಂಡಿದ್ದಾನೆ. ಈ ಒಂದು ಐಡಿಯಾಗೆ ನಾನು ಎಷ್ಟು ವರ್ಷ ನಕ್ಕಿದ್ದೇನೋ ಲೆಕ್ಕವಿಲ್ಲ. ಇನ್ಕ್ರಿಮೆಂಟ್ ಪತ್ರ ಕೈಗೆ ಬಂದಾಗಲೆಲ್ಲ ಅವನು ನೆನಪಾಗುತ್ತಾನೆ.

ಹಸುವಿನ ಕಾಳಗ ಈಗ ನೋಡಿದರೆ ಬೇಜಾರು. ಆವತ್ತಿನ ಗ್ರಾಫಿಕ್ಸ್ ಹಳಸಿದೆ. ಹಳಸದೆ ಉಳಿದಿರೋದು ಆ ಹಳೇ ತುಣುಕುಗಳು. ಅಲ್ಲಿ ನಟರು ನಿಜಕ್ಕೂ ಅಳುತ್ತಿದ್ದಾರೆ, ನಿಜಕ್ಕೂ ಕೋಪ ಮಾಡಿಕೊಂಡು ಒದೆಯುತ್ತಿದ್ದಾರೆ, ಬೆವರು ನಿಜ. ತಾವು ಗಂಭೀರವಾದ ಸೇಡಿನ ಕಥೆಯಲ್ಲಿದ್ದೇವೆ ಅಂತ ಅವರ ನಂಬಿಕೆ. ಕಾಲು ಶತಮಾನದ ನಂತರ ಯಾರೋ ತಮ್ಮ ಬಾಯಿಗೆ ಪೆದ್ದು ಮಾತು ತುರುಕುತ್ತಾರೆ ಅಂತ ಅವರಿಗೇನು ಗೊತ್ತು? ಯಾರೂ ಕ್ಯಾಮೆರಾ ಕಡೆ ತಿರುಗಿ ಕಣ್ಣು ಮಿಟುಕಿಸುವುದಿಲ್ಲ. ಎಷ್ಟೋ ಅಣಕು ಸಿನಿಮಾಗಳು ಕೆಡುವುದು ಆ ಕಣ್ಣು ಮಿಟುಕಿನಿಂದ. ನಟ ತಾನೇ ಮೊದಲು ನಕ್ಕುಬಿಟ್ಟರೆ ನನಗೆ ಉಳಿಯೋದೇನು?

ಬಾಯಿಗೆ ಮಾತು ತುರುಕುವುದು ಅಷ್ಟು ಸಲೀಸಾದದ್ದಕ್ಕೂ ಕಾರಣ ಇದೆ. ಹಾಂಗ್‌ಕಾಂಗ್‌ನಲ್ಲಿ ಬಹಳ ಕಾಲ ಸಿನಿಮಾವನ್ನು ಸದ್ದಿಲ್ಲದೆ ಚಿತ್ರೀಕರಿಸಿ ಆಮೇಲೆ ದನಿ ಕೂಡಿಸುತ್ತಿದ್ದರು. ಅದು ಅಗ್ಗ, ಬೇಗ. ಅದೇ ಚಿತ್ರಕ್ಕೆ ಮ್ಯಾಂಡರಿನ್ ಬೇಕಾದರೆ ಮ್ಯಾಂಡರಿನ್, ಇಂಗ್ಲಿಷ್ ಬೇಕಾದರೆ ಇಂಗ್ಲಿಷ್. ಬೆರಳೆಣಿಕೆಯ ಜನ ಕೂತು ಹತ್ತಾರು ಪಾತ್ರಕ್ಕೆ ಇಂಗ್ಲಿಷ್ ದನಿ ಕೊಡುತ್ತಿದ್ದರು. ತುಟಿಯ ಅಲುಗಾಟಕ್ಕೆ ಹೊಂದಿಸಲು ಮಾತನ್ನು ಎಳೆಯಬೇಕು, ಇಲ್ಲಾ ಬೇಡದ ಪದ ಸೇರಿಸಬೇಕು. ಹಾಗಾಗಿ ಗಂಭೀರ ಸಿನಿಮಾನೂ ಇಂಗ್ಲಿಷ್‌ನಲ್ಲಿ ಕೇಳಿದರೆ ನಗು. ಆ ನಗುವನ್ನೇ ಓಡೆಕರ್ಕ್ ಹಿಂಡಿ ಹಿಪ್ಪೆ ಮಾಡಿದ.

ಇದರಲ್ಲಿ ಅವನು ಮೊದಲಿಗನೂ ಅಲ್ಲ. 1973ರಲ್ಲಿ ಫ್ರಾನ್ಸಿನ ರೆನೆ ವಿಯೆನೆ ಅನ್ನೋ ಎಡಪಂಥದ ತುಂಟ ಒಂದು ಹಾಂಗ್‌ಕಾಂಗ್ ಫೈಟಿಂಗ್ ಸಿನಿಮಾಕ್ಕೆ ಪೂರ್ತಿ ಹೊಸ ಫ್ರೆಂಚ್ ಮಾತು ಹಾಕಿದ. ಅಲ್ಲಿ ಒದೆಯೋರು ಕಾರ್ಮಿಕರು, ಒದೆ ತಿನ್ನೋರು ಅಧಿಕಾರಶಾಹಿಗಳು. ಎರಡು ಒದೆಯ ನಡುವೆ ನಿಂತು ಕ್ರಾಂತಿಯ ಸಿದ್ಧಾಂತ ಮಾತಾಡುತ್ತಾರೆ. ಹೆಸರೂ ಹಾಗೇ ಇದೆ, ದ್ವಂದ್ವಮಾನ ತರ್ಕ ಇಟ್ಟಿಗೆ ಒಡೆಯಬಲ್ಲದೇ ಅಂತ.

ಕನ್ನಡಿಗರಿಗೆ ಈ ದನಿಯ ವಿಷಯ ಬೇರೆ ರೀತಿಯಲ್ಲಿ ಗೊತ್ತು. 1960ರ ದಶಕದಿಂದ ಕನ್ನಡ ಚಿತ್ರರಂಗ ಡಬ್ಬಿಂಗನ್ನು ದೂರ ಇಟ್ಟಿತ್ತು. ಇಲ್ಲಿನ ಕಲಾವಿದರು, ಕೆಲಸಗಾರರು ಉಳಿಯಬೇಕು ಅನ್ನೋ ಕಾರಣಕ್ಕೆ. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಆ ತಡೆಯ ವಿರುದ್ಧ ಆದೇಶ ಕೊಟ್ಟ ಮೇಲೆ ಬಾಗಿಲು ನಿಧಾನಕ್ಕೆ ತೆರೆಯಿತು. ಯಾರು ಸರಿ ಅನ್ನೋ ಜಗಳಕ್ಕೆ ನಾನು ಬರಲ್ಲ, ಎರಡೂ ಕಡೆ ನನಗೆ ಬೇಕಾದವರಿದ್ದಾರೆ. ಆದರೆ ಅಷ್ಟೂ ವರ್ಷ ಕುಂಗ್‌ಫು ಗುರುಗಳು ನಮ್ಮ ಜೊತೆ ಹಿಂದಿಯಲ್ಲೋ ತೆಲುಗಿನಲ್ಲೋ ತಮಿಳಿನಲ್ಲೋ ಮಾತಾಡಿದರೇ ಹೊರತು ಕನ್ನಡದಲ್ಲಲ್ಲ. ಅದಕ್ಕೇ ಇರಬೇಕು, ಫೋನಿಗೆ ಇಂಟರ್ನೆಟ್ ಬಂದ ಕೂಡಲೇ ಉತ್ತರ ಕರ್ನಾಟಕದ ಹುಡುಗರು ಹಾಲಿವುಡ್ ತುಣುಕುಗಳಿಗೆ ತಮ್ಮ ಮಾತು ಹಾಕಿ ಹರಿಬಿಟ್ಟರು. ಅಮೆರಿಕದ ಸೂಪರ್‌ಹೀರೋ ಗಿರಮಿಟ್ಟು ಮಿರ್ಚಿ ವಿಷಯಕ್ಕೆ ಜಗಳ ಆಡುವ ವಿಡಿಯೋ ಎಷ್ಟು ವಾಟ್ಸಾಪ್ ಗ್ರೂಪಿಗೆ ಬಂದಿಲ್ಲ ಹೇಳಿ. ಅದನ್ನು ನೋಡಿದಾಗಲೆಲ್ಲ ನನಗೆ ಹೊಟ್ಟೆಕಿಚ್ಚು. ಇದನ್ನೆಲ್ಲ ನಮ್ಮ ರೂಮಿನವನು ಯಾವತ್ತೋ ಮಾಡಿದ್ದ, ರೆಕಾರ್ಡ್ ಮಾಡುವ ಬುದ್ಧಿ ನಮಗೆ ಬರಲಿಲ್ಲ.

ಕಳೆದ ದಸರಾ ರಜೆಗೆ ಅವನು ಹೆಂಡತಿ ಮತ್ತು ಮಗಳ ಜೊತೆ ನಮ್ಮ ಮನೆಗೆ ಬಂದಿದ್ದ. ಮಗಳು ನಾಲ್ಕನೇ ಕ್ಲಾಸು. ರಾತ್ರಿ ಊಟ ಆದ ಮೇಲೆ ಅದೇ ಸಿನಿಮಾ ಹಾಕಿದೆ. ಈ ಸಲ ದೊಡ್ಡ ಟಿವಿ, ಒಳ್ಳೇ ಸ್ಪೀಕರು, ಮೂಲ ಕ್ಯಾಂಟೊನೀಸ್, ಕೆಳಗೆ ಇಂಗ್ಲಿಷ್ ಸಬ್‌ಟೈಟಲ್. ಹುಡುಗಿ ಸೋಫಾ ತುದಿಯಲ್ಲಿ ಕೂತು ಸ್ವಲ್ಪ ಹೊತ್ತು ಓದಿದಳು. ಆಮೇಲೆ ಆಕಳಿಸಿದಳು. ನೊರೆ ಮೆತ್ತಿದ ಬಾಡಿಗೆದಾರ ಬಂದ. ನಾನು ಗೆಳೆಯನ ಮುಖ ನೋಡಿದೆ. ಅವನು ಹೆಂಡತಿ ಮುಖ ನೋಡಿದ. ಆಕೆ “ಮಾಡ್ರಿ ಮತ್ತ, ಕಾಲೇಜಿಂದು ಎಷ್ಟ ಸಲ ಹೇಳೀರಿ” ಅಂದರು. ರಿಮೋಟ್ ತಗೊಂಡು ಸದ್ದು ಬಂದ್ ಮಾಡಿದ. ಗಂಟಲು ಸರಿ ಮಾಡಿಕೊಂಡ. ಕೂದಲು ಅರ್ಧ ಹೋಗಿದೆ, ದನಿ ಹಾಗೇ ಇದೆ. ಉಣಕಲ್ ಕೆರೆ ಬಂದಾಗ ಹುಡುಗಿ ನೆಲಕ್ಕೆ ಬಿದ್ದು ನಕ್ಕಳು.

ಸಿಂಹಗರ್ಜನೆ ಹತ್ತಿರ ಬಂದಾಗ ಅವನು ಸಣ್ಣದಾಗಿ ಕೆಮ್ಮಿ ಗಡಿಯಾರ ನೋಡಿದ. ಹನ್ನೊಂದು ಹತ್ತಿರ. ಅಪಾರ್ಟ್‌ಮೆಂಟು, ಮೇಲೆ ಕೆಳಗೆ ಜನ. “ಇದೊಂದು ಬ್ಯಾಡ ಬಿಡೋ, ಮಂದಿ ಮಲಗ್ಯಾರ” ಅಂದ. ಪರದೆ ಮೇಲೆ ಓನರಮ್ಮ ಆ ದೊಡ್ಡ ಗಂಟೆಗೆ ಬಾಯಿ ಹಚ್ಚುತ್ತಿದ್ದಳು. ಹುಡುಗಿ ಪಟಕ್ಕನೆ ಎದ್ದು ಅಡುಗೆಮನೆಗೆ ಓಡಿದಳು. ಪಾತ್ರೆ ಬಿದ್ದ ಸದ್ದಾಯಿತು. ಹಬ್ಬಕ್ಕೆ ಚಿತ್ರಾನ್ನ ಕಲಸಿದ ದೊಡ್ಡ ಅಲ್ಯೂಮಿನಿಯಂ ಪಾತ್ರೆಯನ್ನು ಎರಡೂ ಕೈಯಲ್ಲಿ ತಬ್ಬಿಕೊಂಡು ಬಂದು ಅವನ ಮಡಿಲಲ್ಲಿಟ್ಟಳು.

“ಗಂಟಿ ಸಿಗಲಿಲ್ಲಪಾ. ಇದರಾಗ ಒದರು.”